ಕೊನೆಯ ಎಲೆಯ ಮಸಿ

ಸದ್ದು ಮಾಡದೆ ಒಳಗೆ ಬನ್ನಿ. ಕಿಟಕಿಯ ಬೆಳಕು ಬೀಳುವ ಕಡೆ ಒಬ್ಬ ಸಂನ್ಯಾಸಿ ಕೂತಿದ್ದಾನೆ. ಮಡಿಲಲ್ಲಿ ಹಲಗೆ, ಹಲಗೆಯ ಮೇಲೆ ಚರ್ಮದ ಹಾಳೆ, ಪಕ್ಕದಲ್ಲಿ ಮಸಿಕುಡಿಕೆ. ಲಾಳದಕಡ್ಡಿ ಚರ್ಮದ ಮೇಲೆ ಸರಿಯುವ ಸರಸರ ಸದ್ದು ಬಿಟ್ಟರೆ ಕೋಣೆಯೆಲ್ಲ ನಿಶ್ಶಬ್ದ. ಇದು 835ನೇ ಇಸವಿಯ ಮೇ ತಿಂಗಳು. ಬೈಜಾಂಟಿಯಂ ಸಾಮ್ರಾಜ್ಯವನ್ನು ಥಿಯೋಫಿಲೋಸ್ ಆಳುತ್ತಿದ್ದಾನೆ. ಸಂನ್ಯಾಸಿಯ ಹೆಸರು ನಿಕೊಲಾಸ್. ಮತ್ತಾಯ, ಮಾರ್ಕ, ಲೂಕರ ಸುವಾರ್ತೆಗಳನ್ನು ಪ್ರತಿ ಮಾಡಿ ಮುಗಿಸಿ, ಅವನೀಗ ಯೋಹಾನನ ಕೊನೆಯ ಪುಟಗಳಿಗೆ ಬಂದಿದ್ದಾನೆ.

ಅವನ ಹೆಗಲ ಹಿಂದೆ ನಿಂತು ಹಾಳೆ ನೋಡಿ. ಎಷ್ಟು ಪುಟ್ಟದು! ಉದ್ದ ಸುಮಾರು 17 ಸೆಂಟಿಮೀಟರ್, ಅಗಲ 11ರ ಆಸುಪಾಸು. ಜೋಳಿಗೆಯಲ್ಲಿ ಹಾಕಿಕೊಂಡು ಊರೂರು ತಿರುಗಬಹುದು. ತೊಗಲನ್ನು ಸುಣ್ಣದ ನೀರಲ್ಲಿ ನೆನೆಹಾಕಿ, ಕೂದಲು ಹೆರೆದು, ಚೌಕಟ್ಟಿಗೆ ಬಿಗಿದು ಒಣಗಿಸಿ ಹದ ಮಾಡಿದ ಹಾಳೆ ಇದು. ಮಾಂಸಕ್ಕೆ ಅಂಟಿದ್ದ ಮೈ ಬೆಳ್ಳಗೆ, ನುಣುಪಾಗಿದೆ. ಕೂದಲಿದ್ದ ಮೈ ತುಸು ಹಳದಿ. ಇದರ ಎರಡರಷ್ಟು ಅಗಲದ ನಾಲ್ಕು ಹಾಳೆಗಳನ್ನು ಒಂದರೊಳಗೊಂದು ಇಟ್ಟು ಮಡಚಿದರೆ ಎಂಟು ಎಲೆಗಳ ಒಂದು ಕಟ್ಟು. ಪುಸ್ತಕ ತೆರೆದಾಗ ಎದುರುಬದುರಾಗುವ ಪುಟಗಳು ಒಂದೇ ಬಣ್ಣದವಾಗಿರಲೆಂದು ಬಿಳಿಗೆ ಬಿಳಿ, ಹಳದಿಗೆ ಹಳದಿ ಜೋಡಿಸುವುದು ಬರಹಗಾರರ ಪದ್ಧತಿ. ಗೆರೆಗಳಿಗೆ ಮಸಿಯಿಲ್ಲ, ಮೊಂಡು ಮೊನೆಯಿಂದ ಒತ್ತಿ ಗೀರಿದವು. ಈ ಮಗ್ಗುಲಲ್ಲಿ ತೋಡಾಗಿದ್ದದ್ದು ಆ ಮಗ್ಗುಲಲ್ಲಿ ಏಣಾಗಿ ಬೆರಳಿಗೆ ತಾಗುತ್ತದೆ. ಪುಟಕ್ಕೆ 19 ಸಾಲು.

ಈಗ ಅಕ್ಷರ ನೋಡಿ, ಸೋಜಿಗವಿರುವುದು ಅಲ್ಲಿ. ಶತಮಾನಗಳಿಂದ ಗ್ರೀಕ್ ಧರ್ಮಗ್ರಂಥಗಳನ್ನು ದೊಡ್ಡಕ್ಷರಗಳಲ್ಲೇ ಬರೆದುಕೊಂಡು ಬಂದಿದ್ದಾರೆ. ಒಂದೊಂದು ಅಕ್ಷರವೂ ಬಿಡಿಬಿಡಿ, ಕಲ್ಲಿನಲ್ಲಿ ಕಡೆದ ಹಾಗೆ. ಒಂದನ್ನು ಮುಗಿಸಿ ಲೆಕ್ಕಣಿಕೆ ಎತ್ತಿ ಇನ್ನೊಂದಕ್ಕೆ ಹೋಗಬೇಕು. ನಿಕೊಲಾಸನ ಕೈ ಹಾಗೆ ಎತ್ತೆತ್ತಿ ಇಡುವುದಿಲ್ಲ. ಅಕ್ಷರಗಳು ಕಿರಿದಾಗಿವೆ, ದುಂಡಗಾಗಿವೆ, ಒಂದರ ಬಾಲ ಮುಂದಿನದನ್ನು ಮುಟ್ಟಿ ಎಳೆದುಕೊಂಡು ಹೋಗುತ್ತದೆ. ಕಾಗದಪತ್ರ, ಕಡತಗಳಲ್ಲಿ ಓಡುತ್ತಿದ್ದ ಮೋಡಿಬರಹವೇ ಇಲ್ಲಿ ತಿದ್ದಿ ತೀಡಿಕೊಂಡು ಸುವಾರ್ತೆಯ ಪುಟಕ್ಕೆ ಏರಿದೆ. ದೊಡ್ಡಕ್ಷರದಲ್ಲಾದರೆ ಹೆಚ್ಚು ಚರ್ಮ ಬೇಕಾಗುತ್ತಿತ್ತು, ಹೆಚ್ಚು ದಿನ ಹಿಡಿಯುತ್ತಿತ್ತು. ಆದರೆ ಈ ವೇಗದ ಕೈಯೂ ಒಂದು ಕಡೆ ತಡೆಯುತ್ತದೆ. ದೇವರು, ಪ್ರಭು, ಯೇಸು ಎಂಬ ಪದ ಬಂದಾಗ ಮೊದಲ ಮತ್ತು ಕೊನೆಯ ಅಕ್ಷರವನ್ನಷ್ಟೇ ಬರೆದು ನೆತ್ತಿಯ ಮೇಲೊಂದು ಗೆರೆ ಎಳೆಯುತ್ತಾನೆ. ಹೆಸರಿಗೆ ಸಲ್ಲುವ ಗೌರವ ಅದು.

ಈ ಶಿಸ್ತು ಬಂದದ್ದೆಲ್ಲಿಂದ? ಪುಸ್ತಕದಲ್ಲಿರುವುದು ನಿಕೊಲಾಸ್ ಎಂಬ ಹೆಸರು ಮಾತ್ರ. ವಿದ್ವಾಂಸರು ಅದರಲ್ಲಿ ಕಾಣುವುದು ಕಾನ್‌ಸ್ಟಾಂಟಿನೋಪಲ್‌ನ ಸ್ಟುಡಿಯೋಸ್ ಮಠದ ನಿಕೊಲಾಸನನ್ನು. 793ರಲ್ಲಿ ಕ್ರೀಟ್ ದ್ವೀಪದಲ್ಲಿ ಹುಟ್ಟಿದವನು, ಹತ್ತರ ವಯಸ್ಸಿಗೆ ಮಠ ಸೇರಿದವನು. ಅಲ್ಲಿಯ ಗುರು ಥಿಯೋಡೋರ್‌ಗೆ ಪ್ರತಿ ಮಾಡುವುದೂ ಪೂಜೆಯಷ್ಟೇ ಮುಖ್ಯ. ಅವನ ಹೆಸರಿನಲ್ಲಿ ಉಳಿದಿರುವ ನಿಯಮಗಳನ್ನು ಕೇಳಿ. ಸಿಟ್ಟಿನಲ್ಲಿ ಲೆಕ್ಕಣಿಕೆ ಮುರಿದವನು 30 ಸಲ ನೆಲಮುಟ್ಟಿ ನಮಸ್ಕರಿಸಬೇಕು. ಕಟ್ಟನ್ನು ಚೊಕ್ಕಟವಾಗಿ ಇಟ್ಟುಕೊಳ್ಳದವನು, ಸ್ವರಚಿಹ್ನೆ ವಿರಾಮಚಿಹ್ನೆಗಳನ್ನು ಸರಿಯಾಗಿ ಹಾಕದವನು 130 ಸಲ. ಮುರಿದ ಕಡ್ಡಿಗಿಂತ ತಪ್ಪಿದ ಚುಕ್ಕೆಗೆ ನಾಲ್ಕು ಪಟ್ಟಿಗೂ ಮೀರಿದ ಶಿಕ್ಷೆ!

ಆ ಗುರು ಈಗಿಲ್ಲ. ಸಂತರ ಚಿತ್ರಗಳಿಗೆ ನಮಿಸುವುದನ್ನು ಅರಮನೆ 815ರಲ್ಲಿ ಮತ್ತೆ ನಿಷೇಧಿಸಿದಾಗ ಥಿಯೋಡೋರ್ ಬಾಗಲಿಲ್ಲ. ಗಡಿಪಾರಾದ, ಸೆರೆಮನೆ ಕಂಡ, ಚಾಟಿಯೇಟು ತಿಂದ. ಅಷ್ಟರಲ್ಲೂ ಜೊತೆಗಿದ್ದು ಏಟು ತಿಂದ ಶಿಷ್ಯ ಈ ನಿಕೊಲಾಸ್. 826ರಲ್ಲಿ ಗುರು ತನ್ನ ಮಠದಿಂದ ದೂರದಲ್ಲೇ ತೀರಿಕೊಂಡ. ಇವತ್ತಿಗೂ ಸಿಂಹಾಸನದ ಮೇಲಿರುವವನು ಚಿತ್ರಗಳ ವಿರೋಧಿಯೇ. ಗುರುವಿನ ಮಾತು ಮಾತ್ರ ಶಿಷ್ಯನ ಬೆರಳಲ್ಲಿದೆ: ಚುಕ್ಕೆ ತಪ್ಪಬಾರದು.

ಬೆಳಕು ಓರೆಯಾಗುತ್ತಿದೆ. ಯೋಹಾನನ ಕೊನೆಯ ವಾಕ್ಯ ಬಂತು. ಆ ಸುವಾರ್ತೆ ಮುಗಿಯುವುದೇ ಪುಸ್ತಕಗಳ ಮಾತಿನಿಂದ. ಯೇಸು ಮಾಡಿದ್ದನ್ನೆಲ್ಲ ಬರೆಯಹೋದರೆ ಆ ಪುಸ್ತಕಗಳಿಗೆ ಲೋಕವೇ ಸಾಲದು ಎಂಬ ಭಾವ ಅಲ್ಲಿದೆ. ಸಣ್ಣಕ್ಷರದಲ್ಲಿ, ಅಂಗೈಯಗಲದ ಹಾಳೆಯ ಮೇಲೆ, ಆ ಮಾತನ್ನು ನಿಕೊಲಾಸ್ ಪೂರ್ತಿ ಮಾಡುತ್ತಾನೆ.

ಲೆಕ್ಕಣಿಕೆಯನ್ನು ಮತ್ತೆ ಮಸಿಯಲ್ಲಿ ಅದ್ದುತ್ತಾನೆ. ಇಲ್ಲಿಯವರೆಗೆ ಒಂದು ಅಕ್ಷರವೂ ಅವನದಾಗಿರಲಿಲ್ಲ. ಇನ್ನು ಬರುವುದು ಅವನ ಸ್ವಂತ ಮಾತು. ದೇವರ ಕೃಪೆಯಿಂದ ಪುಸ್ತಕ ಮುಗಿಯಿತು ಎನ್ನುತ್ತಾನೆ. ದಿನ ಬರೆಯುತ್ತಾನೆ: ಮೇ 7, ಸೃಷ್ಟಿಯ ವರ್ಷ 6343. ನಮ್ಮ ಲೆಕ್ಕದಲ್ಲಿ ಕ್ರಿ.ಶ. 835. ಕೊನೆಗೊಂದು ಬೇಡಿಕೆ. ಓದುವವರೆಲ್ಲ ಬರೆದವನನ್ನು, ಪಾಪಿ ಸಂನ್ಯಾಸಿ ನಿಕೊಲಾಸನನ್ನು, ನೆನೆಯಲಿ. ತೀರ್ಪಿನ ದಿನ ತನಗೆ ಕರುಣೆ ದೊರೆಯಲಿ.

ಸಣ್ಣಕ್ಷರದ ಗ್ರೀಕ್ ಹಸ್ತಪ್ರತಿಗಳಲ್ಲಿ ತೇದಿ ಹೊತ್ತು ಉಳಿದ ಅತ್ಯಂತ ಹಳೆಯದು ತನ್ನ ಮಡಿಲಲ್ಲಿದೆ ಎಂಬುದು ಅವನಿಗೆ ತಿಳಿಯದು. 843ರಲ್ಲಿ ಚಿತ್ರಗಳು ಗುಡಿಗೆ ಮರಳುವುದು, ತಾನು ಸ್ಟುಡಿಯೋಸ್ ಮಠದ ಹಿರಿಯನಾಗುವುದು, 868ರಲ್ಲಿ ಕಣ್ಣು ಮುಚ್ಚುವುದು ಇನ್ನೂ ಮುಂದಿದೆ. ಪುಸ್ತಕ ಪ್ಯಾಲೆಸ್ಟೀನಿನ ಮಾರ್ ಸಾಬಾ ಮಠ ಸೇರುತ್ತದೆ. 1844ರಲ್ಲಿ ರಷ್ಯದ ಪೊರ್ಫಿರಿ ಉಸ್ಪೆನ್ಸ್ಕಿ ಅದನ್ನು ಅಲ್ಲಿಂದ ಒಯ್ಯುತ್ತಾನೆ. ಅದೀಗ ಸೇಂಟ್ ಪೀಟರ್ಸ್‌ಬರ್ಗ್‌ನ ರಾಷ್ಟ್ರೀಯ ಗ್ರಂಥಾಲಯದಲ್ಲಿದೆ. 344 ಎಲೆಗಳು, ಹೊಸ ಒಡಂಬಡಿಕೆಯ ಹಸ್ತಪ್ರತಿಗಳ ಪಟ್ಟಿಯಲ್ಲಿ ಅದರ ಸಂಖ್ಯೆ 461. ವಿದ್ವಾಂಸರ ಬಾಯಲ್ಲಿ, ಪುಸ್ತಕಗಳಲ್ಲಿ ಅದು ಒಯ್ದವನ ಹೆಸರಿನಿಂದ ಉಸ್ಪೆನ್ಸ್ಕಿ ಸುವಾರ್ತೆ.

ಬರೆದವನ ಹೆಸರು ಕೊನೆಯ ಎಲೆಯಲ್ಲಿದೆ. ಮಸಿ ಇನ್ನೂ ಹಸಿ. ನಿಕೊಲಾಸ್ ಹಾಳೆ ಮುಚ್ಚದೆ ಆರಲು ಬಿಟ್ಟು, ಲಾಳದಕಡ್ಡಿಯನ್ನು ಒರೆಸಿ ಇಡುತ್ತಿದ್ದಾನೆ. ಹೊರಡುವ ಮುಂಚೆ ಆ ಹೆಸರನ್ನು ಒಂದು ಸಲ ಓದಿ. ಅವನು ನಿಮ್ಮಿಂದ ಬೇಡಿದ್ದು ಅಷ್ಟೇ.