ಅಚ್ಚಾಗದ ಪತ್ರ

ಪತ್ರಿಕೆಯೊಂದರ ವಾರದ ಪುರವಣಿಯಲ್ಲಿ ವೈದ್ಯರ ಪ್ರಶ್ನೋತ್ತರ ಅಂಕಣ ನನ್ನ ಪಾಲಿಗಿತ್ತು. ಶೀಘ್ರಸ್ಖಲನ, ಹಸ್ತಮೈಥುನ, ಗಂಡಸರು ಏನೇ ಕೇಳಲಿ, ಕೈ ನಡುಗದೆ ಅಚ್ಚಿಗೆ ಕಳಿಸುತ್ತಿದ್ದೆ. ಹೆಂಗಸರು ಮುಟ್ಟು, ಬಿಳಿಸೆರಗಿನ ಬಗ್ಗೆ ಕೇಳಿದರೆ ಸರಿ. ಅದಕ್ಕಿಂತ ಒಂದು ಹೆಜ್ಜೆ ಮುಂದೆ ಹೋದರೆ ಪತ್ರ ನನ್ನ ಡ್ರಾಯರಿಗೆ. ಈ ನಿಯಮ ಯಾರೂ ಹೇರಿದ್ದಲ್ಲ. ಹೆಂಗಸಾದ ನಾನೇ ಮಾಡಿಕೊಂಡದ್ದು.

ಅದು 2005. ಮದುವೆಗೆ ಮುಂಚಿನ ಸಂಬಂಧದ ಬಗ್ಗೆ ನಿಯತಕಾಲಿಕವೊಂದಕ್ಕೆ ಮನಸ್ಸಿನಲ್ಲಿದ್ದದ್ದು ಹೇಳಿದ ತಪ್ಪಿಗೆ ನಮ್ಮ ‘ರಣಧೀರ’ದ ನಾಯಕಿ ಖುಷ್ಬೂ ವಿರುದ್ಧ ತಮಿಳುನಾಡಿನಲ್ಲಿ ಪೊರಕೆ, ಚಪ್ಪಲಿ ಹಿಡಿದು ಬೀದಿಗಿಳಿದಿದ್ದರು. ಕೇಸಿನ ಮೇಲೆ ಕೇಸು. ಆ ಗದ್ದಲದ ನಡುವೆಯೇ ಒಂದು ಇನ್‌ಲ್ಯಾಂಡ್ ಪತ್ರ ಬಂತು. ಗಂಡ ಒಳ್ಳೆಯವರು, ಆದರೆ ಮದುವೆಯಾದಾಗಿನಿಂದ ಕೂಡುವಾಗ ತಡೆಯಲಾರದ ನೋವು, ಇದು ನನ್ನ ದೋಷವೇ ಎಂದು ಹೆಣ್ಣುಮಗಳೊಬ್ಬಳು ಕೇಳಿದ್ದಳು. ಹೆಸರಿಲ್ಲ, ಊರಿಲ್ಲ.

ಸಂಪಾದಕರಿಗೂ ತೋರಿಸಲಿಲ್ಲ. ಇಂಥದ್ದನ್ನು ಡಾಕ್ಟರ ಹತ್ತಿರ ಗುಟ್ಟಾಗಿ ಕೇಳಬೇಕು, ಊರಿಗೆಲ್ಲ ಸಾರುವುದೇಕೆ ಎಂದು ನನಗೆ ನಾನೇ ಸಮಾಧಾನ ಹೇಳಿಕೊಂಡೆ. ಎಷ್ಟೋ ದಿನದ ಮೇಲೆ ಅಂಕಣದ ವೈದ್ಯೆಗೆ ಮಾತಿನ ನಡುವೆ ಹೇಳಿದಾಗ ಅವರು ರೇಗಿದರು: “ಅಲ್ರೀ, ಗುಟ್ಟಾಗಿ ಕೇಳೋಕೆ ಅವಳಿಗೊಂದು ಜಾಗ ಇದ್ದಿದ್ರೆ ಪತ್ರಿಕೆಗೆ ಯಾಕೆ ಬರೀತಿದ್ಲು?”

ವಿಳಾಸವಿಲ್ಲದವಳಿಗೆ ಉತ್ತರ ಮುಟ್ಟಿಸಲು ಇದ್ದದ್ದು ಆ ಪುಟವೊಂದೇ. ಅವಳ ಗುಟ್ಟು ಉಳಿಯಬೇಕಾದರೂ ಎಲ್ಲರೂ ಓದುವಲ್ಲೇ ಉತ್ತರಿಸಬೇಕಿತ್ತು. ಇದು ನನಗೆ ಹೊಳೆಯದೆ ಹೋದದ್ದೇ ಸೋಜಿಗ. ಡಾ. ಅನುಪಮಾ ನಿರಂಜನ ‘ದಾಂಪತ್ಯ ದೀಪಿಕೆ’, ‘ಕೇಳು ಕಿಶೋರಿ’ ಬರೆದು ಕನ್ನಡದಲ್ಲಿ ಈ ಮಾತುಗಳಿಗೆ ದಾರಿ ಮಾಡಿಕೊಟ್ಟು, 1991ರಲ್ಲಿ ತೀರಿಯೂ ಹೋಗಿದ್ದರು. ಅವರ ಓದುಗಾರ್ತಿಯೇ ಆಗಿದ್ದ ನಾನು ಬೀದಿಯ ಪೊರಕೆಗೆ ಹೆದರಿದೆ.

2010ರಲ್ಲಿ ಸುಪ್ರೀಂ ಕೋರ್ಟ್ ಖುಷ್ಬೂ ಮೇಲಿನ ಎಲ್ಲ 23 ದೂರುಗಳನ್ನೂ ರದ್ದುಮಾಡಿತು. ಈಗ ವೈದ್ಯೆಯರು ಯೂಟ್ಯೂಬಿನಲ್ಲಿ ಇದನ್ನೆಲ್ಲ ಅಚ್ಚ ಕನ್ನಡದಲ್ಲಿ ವಿವರಿಸುತ್ತಾರೆ. ಆ ಹೆಣ್ಣುಮಗಳಿಗೆ ಅಷ್ಟರೊಳಗೆ ಏನಾಗಿತ್ತೋ.

ಅಂದು ಅಚ್ಚಾಗಬೇಕಿದ್ದ ಉತ್ತರ ಇಷ್ಟೇ: ಇದು ನಿಮ್ಮ ದೋಷವಲ್ಲ. ಸೋಂಕು, ಎಂಡೊಮೆಟ್ರಿಯೋಸಿಸ್, ಯೋನಿಯ ಸ್ನಾಯು ತಾನಾಗಿ ಬಿಗಿಯುವುದು, ಹೀಗೆ ಕಾರಣ ಹಲವು. ಚಿಕಿತ್ಸೆ ಇದೆ. ಸ್ತ್ರೀರೋಗ ತಜ್ಞರನ್ನು ಕಾಣಿ. ‘ಮಗುವಾದರೆ ಸರಿಹೋಗುತ್ತೆ’ ಎಂದು ಅವರು ಸಾಗಹಾಕಿದರೆ ಇನ್ನೊಬ್ಬರ ಬಳಿ ಹೋಗಿ.