ಎಸಿ ಪಂಪಿನಿಂದ ಟಂಕಿಯೊಳಗಿನ ಮೋಟಾರಿನವರೆಗೆ: ಧಾರವಾಡದ ಹಳ್ಳಿಗಾಡಿನ ಗ್ಯಾರೇಜುಗಳು

ಧಾರವಾಡ ಜಿಲ್ಲೆಯ ನವಲಗುಂದ, ಅಣ್ಣಿಗೇರಿ, ಕುಂದಗೋಳ ಮತ್ತು ಕಲಘಟಗಿ ತಾಲ್ಲೂಕುಗಳಲ್ಲಿ ಮೋಟಾರು ದುರಸ್ತಿಯ ಕಸಬು ಕಳೆದ ನಾಲ್ಕು ದಶಕಗಳಲ್ಲಿ ಹೇಗೆ ಬದಲಾಯಿತು ಎಂಬುದನ್ನು ಅರಿಯಲು ಇಡೀ ವಾಹನವನ್ನು ಬಿಚ್ಚಿ ನೋಡಬೇಕಾಗಿಲ್ಲ; ಟಂಕಿಯಲ್ಲಿರುವ ಇಂಧನವನ್ನು ಎಂಜಿನ್ನಿಗೆ ಮುಟ್ಟಿಸುವ ಒಂದು ಸಣ್ಣ ಸಾಧನದ, ಅಂದರೆ ಫ್ಯೂಯೆಲ್ ಪಂಪಿನ, ಚರಿತ್ರೆಯನ್ನು ಬೆನ್ನು ಹತ್ತಿದರೆ ಸಾಕು. ಈ ಊರುಗಳ ಬಸ್‌ ನಿಲ್ದಾಣದ ಆಚೀಚೆ, ತಗಡಿನ ಚಪ್ಪರದಡಿ ಅಥವಾ ಬೇವಿನ ಮರದ ನೆರಳಿನಲ್ಲಿ ನಡೆಯುತ್ತಿದ್ದ ಗ್ಯಾರೇಜುಗಳನ್ನು ಎಂಬತ್ತರ ದಶಕದಿಂದ ನೋಡುತ್ತ ಬಂದವರ ನೆನಪಿನಲ್ಲಿ ಪಂಪೆಂಬುದು ಎರಡು ಬೇರೆ ಬೇರೆ ವಸ್ತುಗಳಾಗಿ ಉಳಿದಿದೆ: ಒಂದು, ಬಿಚ್ಚಿ ತೊಳೆದು ಮತ್ತೆ ಜೋಡಿಸಬಹುದಾಗಿದ್ದದ್ದು; ಇನ್ನೊಂದು, ಕೆಟ್ಟರೆ ಎಸೆದು ಹೊಸದನ್ನು ತರಬೇಕಾದದ್ದು. ಮೊದಲನೆಯದರಿಂದ ಎರಡನೆಯದಕ್ಕೆ ಸಾಗುವಾಗ ಮೆಕ್ಯಾನಿಕ್‌ನ ಕೈಕೆಲಸ ಕಡಿಮೆಯಾಯಿತೇ ಹೊರತು ಅವನ ತಲೆಯ ಕೆಲಸ ಕಡಿಮೆಯಾಗಲಿಲ್ಲ, ವಾಸ್ತವವಾಗಿ ಹೆಚ್ಚಾಯಿತು. ಆ ತಲೆಯ ಕೆಲಸಕ್ಕೆ ಕೂಲಿ ಕೊಡುವ ರೂಢಿ ಮಾತ್ರ ಈ ಸೀಮೆಯಲ್ಲಿ ಇನ್ನೂ ಬೆಳೆದಿಲ್ಲ.

ಅಂಬಾಸಿಡರ್, ಪ್ರೀಮಿಯರ್ ಪದ್ಮಿನಿ, ಪೆಟ್ರೋಲ್ ಜೀಪು, 1983ರ ಡಿಸೆಂಬರಿನಲ್ಲಿ ರಸ್ತೆಗಿಳಿದ ಮಾರುತಿ 800, ಇವುಗಳಲ್ಲಿ ಪಂಪು ಎಂಜಿನ್ನಿನ ಮೈಗೇ ಅಂಟಿಕೊಂಡಿರುತ್ತಿತ್ತು. ಮೆಕ್ಯಾನಿಕ್‌ಗಳೆಲ್ಲ ಎಸಿ ಪಂಪ್ ಎಂದು ಕರೆಯುತ್ತಿದ್ದ ಈ ಸಾಧನಕ್ಕೆ ವಿದ್ಯುತ್ತಿನ ಸಂಬಂಧವೇ ಇರಲಿಲ್ಲ; ಎಂಜಿನ್ನಿನ ವಾಲ್ವುಗಳನ್ನು ತೆರೆದು ಮುಚ್ಚುವ ಕ್ಯಾಮ್‌ಶಾಫ್ಟಿನ ಮೇಲಿನ ಒಂದು ಉಬ್ಬು ತಿರುಗುತ್ತ ಪಂಪಿನ ಸಣ್ಣ ಲಿವರನ್ನು ತಳ್ಳುತ್ತಿತ್ತು, ಲಿವರು ಡಯಾಫ್ರಮ್ ಎಂಬ ರಬ್ಬರು ಲೇಪಿತ ಬಟ್ಟೆಯ ಪರದೆಯನ್ನು ಕೆಳಗೆ ಎಳೆಯುತ್ತಿತ್ತು, ಆಗ ಉಂಟಾಗುವ ಸೆಳೆತದಿಂದ ಪೆಟ್ರೋಲು ಒಳಬರುತ್ತಿತ್ತು, ಬಳಿಕ ಸ್ಪ್ರಿಂಗು ಪರದೆಯನ್ನು ಮೇಲೊತ್ತಿದಾಗ ಅದು ಕಾರ್ಬುರೇಟರಿಗೆ, ಅಂದರೆ ಪೆಟ್ರೋಲನ್ನೂ ಗಾಳಿಯನ್ನೂ ಬೆರೆಸುವ ಪಾತ್ರೆಗೆ, ಹೋಗುತ್ತಿತ್ತು. ಇದರ ಒತ್ತಡ ಚದರ ಇಂಚಿಗೆ ಸುಮಾರು 3ರಿಂದ 5 ಪೌಂಡು ಮಾತ್ರ. ಹಲವು ಪಂಪುಗಳ ಮೇಲೆ ಕೂಡಿಸಿರುತ್ತಿದ್ದ ಗಾಜಿನ ಬಟ್ಟಲಿನ ತಳದಲ್ಲಿ ಕಸರು ಮತ್ತು ನೀರು ಬೇರೆಬೇರೆಯಾಗಿ ಕಾಣುತ್ತಿದ್ದುದರಿಂದ, ಟಂಕಿಯಲ್ಲಿ ಏನಿದೆ ಎಂಬುದನ್ನು ಬಾನೆಟ್ ಎತ್ತಿದೊಡನೆ ಕಣ್ಣೇ ಹೇಳಿಬಿಡುತ್ತಿತ್ತು.

ಅಂದಿನ ಪರೀಕ್ಷೆಯ ಕ್ರಮ ಸರಳವಾಗಿತ್ತು, ಆದರೆ ಕ್ರಮ ಇತ್ತೆಂಬುದು ಮುಖ್ಯ. "ಉಸ್ತಾದ್ರ, ಸೆಲ್ಫ್ ಹೊಡದ್ರ ತಿರಗತೈತಿ, ಗಾಡಿ ಚಾಲೂ ಆಗವಲ್ದು" ಎಂದು ಗಿರಾಕಿ ದೂರು ತಂದಾಗ, ನುರಿತ ಉಸ್ತಾದ ಮೊದಲು ಕಾರ್ಬುರೇಟರಿನ ಬಳಿಯ ಪೈಪು ಬಿಚ್ಚಿ ಅದರ ಬಾಯಿಗೆ ಬಾಟಲಿ ಹಿಡಿದು, ಹುಡುಗನಿಗೆ ಎಂಜಿನ್ ತಿರುಗಿಸಲು ಹೇಳುತ್ತಿದ್ದ. ಪೆಟ್ರೋಲು ಬಿಟ್ಟುಬಿಟ್ಟು ಚಿಮ್ಮಿದರೆ ಪಂಪು ಸರಿಯಿದೆಯೆಂದೂ ದೋಷ ಮುಂದಿದೆಯೆಂದೂ ಗೊತ್ತಾಗುತ್ತಿತ್ತು. ಚಿಮ್ಮದಿದ್ದರೆ ಪಂಪಿನ ಹಿಂಬದಿಯ ಪೈಪು ಬಿಚ್ಚಿ ಟಂಕಿಯ ಕಡೆಗೆ ಊದಿ, ಟಂಕಿಯೊಳಗೆ ಗುಳುಗುಳು ಸದ್ದು ಬರುತ್ತದೆಯೇ ಎಂದು ಆಲಿಸುತ್ತಿದ್ದ. ಸದ್ದು ಬಂದರೆ ದಾರಿ ತೆರವಾಗಿದೆ, ಹಾಗಾದರೆ ಕೆಟ್ಟಿರುವುದು ಪಂಪೇ. ಎಂಜಿನ್ ಆಯಿಲಿನ ಕಡ್ಡಿಯನ್ನು ಎಳೆದು ಮೂಸಿದಾಗ ಪೆಟ್ರೋಲಿನ ವಾಸನೆ ಹೊಡೆದರೆ, ಹರಿದ ಡಯಾಫ್ರಮಿನಿಂದ ಪೆಟ್ರೋಲು ಕೆಳಗಿನ ಆಯಿಲಿಗೆ ಇಳಿಯುತ್ತಿದೆ ಎಂಬುದಕ್ಕೆ ಬೇರೆ ಸಾಕ್ಷಿ ಬೇಕಿರಲಿಲ್ಲ, ಮತ್ತು ಆಗ ಪಂಪಿನೊಂದಿಗೆ ಆಯಿಲನ್ನೂ ಬದಲಿಸದೆ ಗಾಡಿ ಬಿಟ್ಟುಕೊಡುವುದು ಎಂಜಿನ್ನಿಗೆ ಮಾಡುವ ದ್ರೋಹವೆಂದೇ ಒಳ್ಳೆಯ ಉಸ್ತಾದರು ತಿಳಿದಿದ್ದರು.

ದುರಸ್ತಿಗೆ ಬೇಕಾದದ್ದು ಹುಬ್ಬಳ್ಳಿಯ ಬಿಡಿಭಾಗದ ಅಂಗಡಿಗಳಲ್ಲಿ ಸಿಗುವ ಒಂದು ಕಿಟ್, ಅಂದರೆ ಡಯಾಫ್ರಮ್, ಎರಡು ವಾಲ್ವು, ಪ್ಯಾಕಿಂಗು ಇರುವ ಪೊಟ್ಟಣ. ಪರದೆಯನ್ನು ಕೂಡಿಸಿ ಸುತ್ತಲಿನ ಸ್ಕ್ರೂಗಳನ್ನು ಬಿಗಿಮಾಡುವಾಗ ಲಿವರನ್ನು ಪೂರ್ತಿ ಒತ್ತಿ ಹಿಡಿದಿರಬೇಕು, ಎದುರುಬದುರಿನ ಸ್ಕ್ರೂಗಳನ್ನು ಸ್ವಲ್ಪಸ್ವಲ್ಪವಾಗಿ ಬಿಗಿಯಬೇಕು. ಇಲ್ಲವಾದರೆ ಪರದೆ ಬಿಗಿದು ನಿಂತು ಕೆಲವೇ ದಿನಗಳಲ್ಲಿ ಹರಿಯುತ್ತದೆ. ಇದನ್ನು ಯಾವ ಪುಸ್ತಕವೂ ಈ ಊರಿನ ಹುಡುಗರಿಗೆ ಹೇಳಿಕೊಟ್ಟಿರಲಿಲ್ಲ, ಉಸ್ತಾದನ ಬೆರಳುಗಳನ್ನು ನೋಡಿಯೇ ಅವರು ಕಲಿತರು. ಹುಬ್ಬಳ್ಳಿಯಿಂದ ನವಲಗುಂದದ ಕಡೆಗೂ ಗದಗಿನ ದಾರಿಯಲ್ಲಿ ಅಣ್ಣಿಗೇರಿಯ ಕಡೆಗೂ ಹೋಗುವಾಗ ಮರಗಳು ವಿರಳವಾದ ಎರೆಭೂಮಿಯ ಬಯಲು ಬೇಸಿಗೆಯಲ್ಲಿ ಕಾದು ಕೆಂಡವಾಗುತ್ತದೆ. ಯಮನೂರಿನ ಜಾತ್ರೆಯ ಹೊತ್ತಿಗೆ ಜನ ತುಂಬಿಕೊಂಡು ನಿಧಾನ ಸಾಗುವ ಕಾರುಗಳಲ್ಲಿ ಪೆಟ್ರೋಲು ಪೈಪಿನೊಳಗೇ ಆವಿಯಾಗಿ, ಪಂಪು ದ್ರವದ ಬದಲು ಆವಿಯನ್ನೇ ಎಳೆದು ಸೋಲುತ್ತಿತ್ತು. ಆಗ ಚಾಲಕರು ಪಂಪಿನ ಮೇಲೆ ಒದ್ದೆ ಬಟ್ಟೆ ಹೊದಿಸಿ, ಅದು ತಣಿಯುವವರೆಗೆ ದಾರಿಬದಿಯ ಜಾಲಿಯ ನೆರಳಿನಲ್ಲಿ ಕಾಯುತ್ತಿದ್ದರು.

ಆ ಕಾಲವನ್ನು ಬರೀ ಚೆಲುವಾಗಿ ಚಿತ್ರಿಸುವುದು ಸರಿಯಲ್ಲ. ಪೈಪಿಗೆ ಬಾಯಿ ಹಚ್ಚಿ ಪೆಟ್ರೋಲು ಎಳೆಯುವುದು, ಬಿಡಿಭಾಗಗಳನ್ನೂ ಕೈಗಳನ್ನೂ ಪೆಟ್ರೋಲಿನಲ್ಲೇ ತೊಳೆಯುವುದು ನಿತ್ಯದ ರೂಢಿಯಾಗಿತ್ತು. ದೇಶದಲ್ಲಿ ಸೀಸ ಬೆರೆಸಿದ ಪೆಟ್ರೋಲಿನ ಮಾರಾಟ ನಿಂತದ್ದು 2000ದ ಫೆಬ್ರುವರಿಯಲ್ಲಿ. ಅದಕ್ಕೂ ಮೊದಲು ಹನ್ನೆರಡು ಹದಿಮೂರು ವಯಸ್ಸಿಗೇ ಶಾಲೆ ಬಿಟ್ಟು ಗ್ಯಾರೇಜು ಸೇರಿದ ಹುಡುಗರ ಮೈಗೆ ಆ ಸೀಸ ಎಷ್ಟು ಸೇರಿತೆಂದು ಯಾರೂ ಅಳೆದು ನೋಡಲಿಲ್ಲ. ಶ್ವಾಸಕೋಶಕ್ಕೆ ಇಳಿದ ಒಂದು ಗುಟುಕು ಪೆಟ್ರೋಲು ಪ್ರಾಣಕ್ಕೇ ಸಂಚಕಾರ ತರಬಲ್ಲದೆಂದು ಅವರಿಗೆ ತಿಳಿಹೇಳುವವರೂ ಇರಲಿಲ್ಲ.

ಇದೇ ಊರುಗಳಲ್ಲಿ ಡೀಸೆಲ್ ವಾಹನಗಳ ಕಥೆ ಜೊತೆಜೊತೆಗೇ ನಡೆಯಿತು. ಟ್ರ್ಯಾಕ್ಟರುಗಳಲ್ಲಿಯೂ ಹಳ್ಳಿಯಿಂದ ಹಳ್ಳಿಗೆ ಜನರನ್ನು ಸಾಗಿಸುವ ಟ್ರ್ಯಾಕ್ಸುಗಳಲ್ಲಿಯೂ ಕೈಯಿಂದ ಒತ್ತಬಹುದಾದ ಫೀಡ್ ಪಂಪು ಇರುತ್ತಿದ್ದು, ಡೀಸೆಲ್ ಖಾಲಿಯಾಗಿ ಪೈಪಿಗೆ ಗಾಳಿ ಹೊಕ್ಕಾಗ, ಅಂದರೆ ರೈತರ ಮಾತಿನಲ್ಲಿ ಏರ್ ಹಿಡಿದಾಗ, ಫಿಲ್ಟರಿನ ಮೇಲಿನ ತಿರುಪು ಸಡಿಲಿಸಿ ನೊರೆ ನಿಂತು ಶುದ್ಧ ಡೀಸೆಲ್ ಬರುವವರೆಗೆ ಪಂಪು ಒತ್ತುವ ವಿದ್ಯೆ ಹೊಲದ ಬದುವಿನಲ್ಲಿ ನಿಂತ ರೈತನಿಗೂ ಬರುತ್ತಿತ್ತು. ಅದರ ಮುಂದಿನ, ಅಧಿಕ ಒತ್ತಡದ ಇಂಜೆಕ್ಷನ್ ಪಂಪನ್ನು ಮಾತ್ರ ಬೆಂಗಳೂರಿನ ಕಂಪನಿಯ ಹೆಸರಿನಿಂದ ಮೈಕೋ ಪಂಪ್ ಎಂದು ಕರೆದು, ಹುಬ್ಬಳ್ಳಿಗೆ ಒಯ್ದು ಅಳತೆ ಮಾಡಿಸಿ ತರುತ್ತಿದ್ದರು. ಎಲ್ಲಿಯವರೆಗೆ ತನ್ನ ಕೆಲಸ, ಎಲ್ಲಿಂದ ಪಟ್ಟಣದ ಕೆಲಸ ಎಂಬ ಗಡಿ ಹಳ್ಳಿಯ ಮೆಕ್ಯಾನಿಕ್‌ಗೆ ಸ್ಪಷ್ಟವಾಗಿತ್ತು.

ಆ ಗಡಿಯನ್ನು ಅಳಿಸಿದ್ದು ಹೊಗೆಯ ನಿಯಮಗಳು. 2000ದಿಂದ ಹಂತಹಂತವಾಗಿ ಬಂದ ಭಾರತ್ ಸ್ಟೇಜ್ ಮಾನದಂಡಗಳನ್ನು ಪಾಲಿಸಲು ಕಾರ್ಬುರೇಟರಿನಿಂದ ಸಾಧ್ಯವಿರಲಿಲ್ಲವಾದ್ದರಿಂದ, ಕಂಪ್ಯೂಟರಿನ ಅಪ್ಪಣೆಯಂತೆ ಪ್ರತಿ ಸಿಲಿಂಡರಿಗೂ ಪೆಟ್ರೋಲು ಸಿಂಪಡಿಸುವ ಎಂಪಿಎಫ್‌ಐ ವ್ಯವಸ್ಥೆ ಬಂತು. ಸಿಂಪಡಿಸಲು ಸುಮಾರು 3 ಬಾರ್, ಎಂದರೆ ಹಳೆಯದರ ಹತ್ತು ಪಟ್ಟಿನಷ್ಟು, ಒತ್ತಡ ಬೇಕಾಯಿತು. ಅದಕ್ಕಾಗಿ ಪಂಪು ಎಂಜಿನ್ನಿನ ಮಗ್ಗುಲು ಬಿಟ್ಟು ಟಂಕಿಯೊಳಗೆ ಇಳಿಯಿತು. ಕೊಳವೆಬಾವಿಯ ಸಬ್‌ಮರ್ಸಿಬಲ್ ಮೋಟಾರು ನೀರಿನಲ್ಲಿ ಮುಳುಗಿಯೇ ತಣ್ಣಗಿರುವಂತೆ ಈ ವಿದ್ಯುತ್ ಪಂಪು ಪೆಟ್ರೋಲಿನಲ್ಲಿ ಮುಳುಗಿ ತಣಿಯುತ್ತದೆ, ಅದರ ಸವೆಯುವ ಭಾಗಗಳಿಗೆ ಜಾರಿಕೆ ಒದಗಿಸುವುದೂ ಪೆಟ್ರೋಲೇ. ಆದ್ದರಿಂದ ನೂರಿನ್ನೂರು ರೂಪಾಯಿಯ ಪೆಟ್ರೋಲು ಹಾಕಿಸಿ, ಮುಳ್ಳು ಸದಾ ಕೆಂಪು ಗೆರೆಯ ಬಳಿಯೇ ಇರುವಂತೆ ಓಡಿಸುವ ರೂಢಿ ಎಸಿ ಪಂಪಿಗೆ ಏನೂ ಮಾಡುತ್ತಿರಲಿಲ್ಲ, ಹೊಸ ಪಂಪಿನ ಆಯುಷ್ಯವನ್ನು ಮಾತ್ರ ಸದ್ದಿಲ್ಲದೆ ತಿನ್ನುತ್ತದೆ. ಹಳ್ಳಿಯ ಅಂಗಡಿಗಳಲ್ಲಿ ಬಾಟಲಿಯಲ್ಲಿ ಮಾರುವ ಪೆಟ್ರೋಲಿನ ಕಸರು, ಬೆಣ್ಣಿಹಳ್ಳ ಉಕ್ಕಿದಾಗ ನೀರಿನಲ್ಲಿ ನಿಂತ ಗಾಡಿಗಳ ಟಂಕಿಗೆ ಹೊಕ್ಕ ನೀರು, ಇವೂ ಅದರ ಶತ್ರುಗಳೇ.

ಹೊಸ ಪಂಪು ಕಣ್ಣಿಗೆ ಕಾಣದು. ಹೀಗಾಗಿ ಮೊದಮೊದಲು ಹಳ್ಳಿಯ ಗ್ಯಾರೇಜುಗಳಲ್ಲಿ ಗಾಡಿ ಚಾಲೂ ಆಗದಿದ್ದರೆ ಪಂಪನ್ನೇ ಬದಲಿಸಿ ನೋಡುವ ಚಾಳಿ ಬೆಳೆಯಿತು, ಮತ್ತು ಸಾವಿರಾರು ರೂಪಾಯಿ ತೆತ್ತ ಮೇಲೂ ದೋಷ ಹಾಗೆಯೇ ಉಳಿದ ಪ್ರಸಂಗಗಳು ಎಲ್ಲ ಊರಿನಲ್ಲಿಯೂ ನಡೆದವು. ಸರಿಯಾದ ಕ್ರಮ ಬೇರೆಯೇ ಇದೆ. ಕೀಲಿ ತಿರುಗಿಸಿ, ಸೆಲ್ಫ್ ಹೊಡೆಯದೆ, ಹಿಂದಿನ ಸೀಟಿನ ಬಳಿ ಕಿವಿಗೊಟ್ಟರೆ ಪಂಪು ಎರಡು ಸೆಕೆಂಡಿನಷ್ಟು ಹೊತ್ತು ಗುಂಯ್‌ಗುಡುವುದು ಸಾಮಾನ್ಯವಾಗಿ ಕೇಳುತ್ತದೆ. ಕೇಳದಿದ್ದರೆ ಮೊದಲು ನೋಡಬೇಕಾದದ್ದು ಫ್ಯೂಸು ಮತ್ತು ರಿಲೇ, ಎಂದರೆ ಸಣ್ಣ ವಿದ್ಯುತ್ತಿನ ಅಪ್ಪಣೆಯಿಂದ ಪಂಪಿನ ದೊಡ್ಡ ವಿದ್ಯುತ್ತನ್ನು ಹರಿಯಬಿಡುವ ಸ್ವಿಚ್ಚು. ಆಮೇಲೆ ಪಂಪಿನ ಕನೆಕ್ಟರಿಗೆ ಬ್ಯಾಟರಿಯ ವೋಲ್ಟೇಜು ಪೂರ್ತಿ ಮುಟ್ಟುತ್ತಿದೆಯೇ, ಅರ್ಥಿಂಗು ಬಿಗಿಯಾಗಿದೆಯೇ ಎಂಬುದು. ಈ ಅಳತೆಯನ್ನು ಪಂಪಿಗೆ ಕನೆಕ್ಟರು ಜೋಡಿಸಿರುವಾಗಲೇ ಮಾಡಬೇಕು, ಏಕೆಂದರೆ ಕಿಲುಬು ಹಿಡಿದ ತಂತಿ ಹೊರೆಯಿಲ್ಲದಾಗ 12 ವೋಲ್ಟು ತೋರಿಸಿ ಹೊರೆ ಬಿದ್ದೊಡನೆ ಕುಸಿಯುತ್ತದೆ. ಕರೆಂಟು ಸರಿಯಿದ್ದೂ ಪಂಪು ತಿರುಗದಿದ್ದರೆ, ಟಂಕಿಯ ತಳಕ್ಕೆ ರಬ್ಬರಿನ ಸುತ್ತಿಗೆಯಿಂದ ಮೆಲ್ಲಗೆ ತಟ್ಟಿದಾಗ ಒಮ್ಮೆ ತಿರುಗಿಬಿಡಬಹುದು. ಅದು ದುರಸ್ತಿಯಲ್ಲ, ಮೋಟಾರಿನ ಕಾರ್ಬನ್ ಬ್ರಶ್ಶುಗಳು ಸವೆದಿವೆ ಎಂಬುದರ ಸುಳಿವು.

ಪಂಪು ಗುಂಯ್‌ಗುಟ್ಟಿದ ಮಾತ್ರಕ್ಕೆ ಅದು ಆರೋಗ್ಯವಾಗಿದೆ ಎಂದಲ್ಲ. ಏರುದಾರಿ ಹಿಡಿದಾಗ ಪಿಕಪ್ ಬಿಡುವುದು, ವೇಗ ಹೆಚ್ಚಿಸಿದಾಗ ಜಗ್ಗುವುದು, ಬಿಸಿಯಾದ ಮೇಲೆ ನಿಂತು ತಣಿದ ಮೇಲೆ ಮತ್ತೆ ಚಾಲೂ ಆಗುವುದು, ಬೆಳಿಗ್ಗೆ ಬಹಳ ಹೊತ್ತು ಸೆಲ್ಫ್ ಹೊಡೆಯಬೇಕಾಗುವುದು, ಇವು ಸೋಲುತ್ತಿರುವ ಪಂಪಿನ ಲಕ್ಷಣಗಳಾದರೂ ಪಂಪಿಗೊಂದಕ್ಕೇ ಸೇರಿದವಲ್ಲ; ಕಟ್ಟಿಕೊಂಡ ಫಿಲ್ಟರು, ಬಿಸಿಗೆ ಕೈಕೊಡುವ ಇಗ್ನಿಷನ್ ಕಾಯಿಲು ಅಥವಾ ಸೆನ್ಸರು ಕೂಡ ಇದೇ ನಾಟಕ ಆಡಬಲ್ಲವು. ಇಲ್ಲಿ ತೀರ್ಪು ಕೊಡುವುದು ಒತ್ತಡದ ಗೇಜು. ಗೇಜು ಜೋಡಿಸಿದಾಗ ಕಂಪನಿ ಹೇಳಿದ ಒತ್ತಡ ಬರದಿದ್ದರೆ ಟಂಕಿಯೊಳಗಿನ ಜಾಲರಿ, ಫಿಲ್ಟರು, ಒತ್ತಡ ನಿಯಂತ್ರಿಸುವ ರೆಗ್ಯುಲೇಟರು, ಪಂಪು, ಇವುಗಳಲ್ಲಿ ಒಂದು ಸೋತಿದೆ. ಒತ್ತಡ ಬಂದು ಎಂಜಿನ್ ನಿಲ್ಲಿಸಿದೊಡನೆ ಇಳಿದುಹೋದರೆ ಪೆಟ್ರೋಲು ಹಿಂದಕ್ಕೆ ಹರಿಯದಂತೆ ತಡೆಯುವ ವಾಲ್ವು ಅಥವಾ ಸೋರುವ ಇಂಜೆಕ್ಟರು ಕಾರಣ. ಒತ್ತಡ ಸ್ಥಿರವಾಗಿದ್ದೂ ಗಾಡಿ ಜಗ್ಗಿದರೆ ಪಂಪನ್ನು ಬಿಟ್ಟು ಬೇರೆಡೆ ಹುಡುಕಬೇಕು. ದೋಷದ ಸಂಕೇತ ಓದುವ ಸ್ಕ್ಯಾನರನ್ನು ಇಂದು ತಾಲ್ಲೂಕು ಕೇಂದ್ರಗಳ ಗ್ಯಾರೇಜುಗಳಲ್ಲಿಯೂ ಕಾಣಬಹುದು, ಆದರೆ ಹಳೆಯ ಸಣ್ಣ ಕಾರುಗಳಲ್ಲಿ ಪೆಟ್ರೋಲಿನ ಒತ್ತಡ ಅಳೆಯುವ ಸೆನ್ಸರೇ ಇಲ್ಲದ್ದರಿಂದ ಸ್ಕ್ಯಾನರು ಮೌನವಾಗಿದೆಯೆಂದು ಪಂಪನ್ನು ನಿರ್ದೋಷಿ ಎನ್ನಲಾಗದು.

ಬದಲಿಸುವ ಕೆಲಸದಲ್ಲಿ ಚಾತುರ್ಯಕ್ಕಿಂತ ಎಚ್ಚರಿಕೆ ದೊಡ್ಡದು. ಮೊದಲು ಪಂಪಿನ ರಿಲೇ ಕಿತ್ತು, ಎಂಜಿನ್ ತಾನಾಗಿ ನಿಲ್ಲುವವರೆಗೆ ಓಡಿಸಿ ಪೈಪಿನ ಒತ್ತಡ ಇಳಿಸಬೇಕು, ಅನಂತರ ಬ್ಯಾಟರಿಯ ಮೈನಸ್ ತಂತಿ ಬಿಚ್ಚಬೇಕು. ಕೆಲವು ಕಾರುಗಳಲ್ಲಿ ಹಿಂದಿನ ಸೀಟು ಎತ್ತಿದರೆ ಪಂಪಿನ ಮುಚ್ಚಳ ಸಿಗುತ್ತದೆ, ಇನ್ನು ಕೆಲವುಗಳಲ್ಲಿ ಟಂಕಿಯನ್ನೇ ಇಳಿಸಬೇಕಾಗುತ್ತದೆ. ಪೆಟ್ರೋಲಿನ ಆವಿ ಗಾಳಿಗಿಂತ ಭಾರವಾದ್ದರಿಂದ ಅದು ನೆಲಕ್ಕೆ ಇಳಿದು ಗ್ಯಾರೇಜಿನ ಗುಂಡಿಯಲ್ಲಿ ನಿಲ್ಲುತ್ತದೆ. ಅಲ್ಲಿ ಬೀಡಿಯಷ್ಟೇ ಅಲ್ಲ, ಒಡೆದ ಬಲ್ಬಿನ ಕೈದೀಪವೂ ಬೆಂಕಿಗೆ ಕಾರಣವಾಗಬಲ್ಲದು. ಮುಚ್ಚಳದ ಸುತ್ತಲಿನ ಎರೆಮಣ್ಣಿನ ಧೂಳನ್ನು ಮೊದಲೇ ಒರೆಸದೆ ತೆರೆದರೆ ಅದೆಲ್ಲ ಟಂಕಿಗೆ ಬಿದ್ದು ಹೊಸ ಪಂಪಿನ ಜಾಲರಿಯನ್ನೇ ಮುಚ್ಚುತ್ತದೆ. ಟಂಕಿಯ ತಳ ತೊಳೆದು, ಹೊಸ ರಬ್ಬರು ಸೀಲು ಹಾಕಿ, ಪೆಟ್ರೋಲು ತುಂಬಿದ ಮೇಲೆಯೇ ಕೀಲಿಯನ್ನು ಎರಡು ಮೂರು ಸಲ ಆನ್ ಮಾಡಿ ಒತ್ತಡ ಬರಿಸಬೇಕು. ಪಂಪನ್ನು ಒಣಗಿರುವಾಗ ತಿರುಗಿಸಬಾರದು.

ಈ ವಿದ್ಯೆಯ ಅಗತ್ಯ ಈಗ ಕಾರಿಗಷ್ಟೇ ಸೀಮಿತವಲ್ಲ. 2020ರ ಏಪ್ರಿಲ್ 1ರಿಂದ ಬಿಎಸ್ 6 ಜಾರಿಗೆ ಬಂದ ಮೇಲೆ ಬಹುತೇಕ ಬೈಕುಗಳ ಟಂಕಿಯೊಳಗೂ ಇಂಥದೇ ಪಂಪು ಸೇರಿದೆ, ಹಾಗಾಗಿ ಕುಂದಗೋಳದ ಸಂತೆಗೆ ಬೈಕಿನಲ್ಲಿ ಮೆಣಸಿನಕಾಯಿಯ ಚೀಲ ಹೇರಿಕೊಂಡು ಬರುವ ರೈತನೂ ಅದರ ಅವಲಂಬಿಯಾಗಿದ್ದಾನೆ. 2023ರ ಫೆಬ್ರುವರಿ 6ರಂದು ಬೆಂಗಳೂರಿನಲ್ಲಿ ಚಾಲನೆ ಪಡೆದ ಶೇಕಡಾ 20 ಎಥೆನಾಲ್ ಬೆರಕೆಯ ಪೆಟ್ರೋಲು ತೇವವನ್ನು ಹೀರುವ ಗುಣವುಳ್ಳದ್ದು. ತಿಂಗಳುಗಟ್ಟಲೆ ನಿಂತ ಗಾಡಿಯ ಟಂಕಿಯಲ್ಲಿ ನೀರು ಸೇರಿದರೆ ಎಥೆನಾಲು ಆ ನೀರಿನೊಂದಿಗೆ ಬೇರ್ಪಟ್ಟು ತಳಕ್ಕಿಳಿಯುತ್ತದೆ, ಪಂಪು ಎಳೆಯುವುದೂ ಆ ತಳದಿಂದಲೇ. ಈ ಬೆರಕೆಯ ಪೆಟ್ರೋಲಿಗೆ ತಕ್ಕಂತೆ ತಯಾರಾಗದ ಹಳೆಯ ಗಾಡಿಗಳ ರಬ್ಬರು ಪೈಪು ಮತ್ತು ಸೀಲುಗಳನ್ನೂ ಮೆಕ್ಯಾನಿಕ್‌ ಆಗಾಗ ಒತ್ತಿ ನೋಡಬೇಕಾಗಿದೆ.

ಹಳೆಯ ಉಸ್ತಾದರಲ್ಲಿ ಕೆಲವರು ಈ ಬದಲಾವಣೆಯ ಹೊತ್ತಿಗೆ ಕಸಬು ಬಿಟ್ಟರು. ಉಳಿದು ಗೆದ್ದವರನ್ನು ಗಮನಿಸಿದರೆ, ಬಾಟಲಿ ಹಿಡಿದು ಹಂತಹಂತವಾಗಿ ದೋಷ ಹುಡುಕುತ್ತಿದ್ದವರೇ ಗೇಜು ಮತ್ತು ಮೀಟರನ್ನೂ ಬೇಗ ಕೈವಶ ಮಾಡಿಕೊಂಡದ್ದು ಕಾಣುತ್ತದೆ. ಆದರೆ ಅರ್ಧ ದಿನ ಪರೀಕ್ಷಿಸಿ ಸಣ್ಣದೊಂದು ರಿಲೇ ಬದಲಿಸಿ ಗಾಡಿ ಸರಿಮಾಡಿದವನೊಡನೆ ಗಿರಾಕಿ ಚೌಕಾಸಿಗೆ ಇಳಿಯುತ್ತಾನೆ, ಪರೀಕ್ಷೆಯಿಲ್ಲದೆ ದುಬಾರಿ ಪಂಪು ಹಾಕಿದವನಿಗೆ ಮರುಮಾತಿಲ್ಲದೆ ಹಣ ಎಣಿಸುತ್ತಾನೆ. ಇದು ಅನ್ಯಾಯ, ಮತ್ತು ಒಳ್ಳೆಯ ಮೆಕ್ಯಾನಿಕ್‌ನನ್ನೂ ಕೆಟ್ಟ ರೂಢಿಗೆ ತಳ್ಳುವಂಥದು. ಗಾಡಿ ಇರುವವರು ಟಂಕಿಯನ್ನು ಕಾಲು ಭಾಗಕ್ಕಿಂತ ಕೆಳಗೆ ಇಳಿಯಗೊಡದಿರಲಿ, ಪಂಪು ಹೋಗಿದೆ ಎಂದು ಗ್ಯಾರೇಜಿನವರು ಹೇಳಿದಾಗ ಗೇಜಿನ ಓದನ್ನು ತೋರಿಸಿರೆಂದು ಕೇಳಲಿ, ತೋರಿಸಿದವರಿಗೆ ಆ ಪರೀಕ್ಷೆಯ ಕೂಲಿಯನ್ನು ಬಿಡಿಭಾಗದ ಬೆಲೆಯಿಂದ ಬೇರೆಯಾಗಿ, ಚೌಕಾಸಿ ಮಾಡದೆ ಕೊಡಲಿ.