ಓಡಿಹೋಗೋದು ನಾಚಿಕೆಗೇಡಾ?

ಜಪಾನ್ ಡ್ರಾಮಾ ಸರಣಿ, ಭಾಗ 4 (ಸ್ಪಾಯ್ಲರ್ ಇದೆ, ಆಮೇಲೆ ಬೈಬೇಡಿ)

ನಮ್ಮಲ್ಲಿ ಹುಡುಗಿ 'ಓಡಿಹೋದ್ಲು' ಅಂದ್ರೆ ಸಾಕು, ಮುಂದಿನ ಕಥೆ ಯಾರೂ ಕೇಳಲ್ಲ. ಜಪಾನಿನ ಒಂದು ಡ್ರಾಮಾದ ಹೆಸರೇ ಹೀಗಿದೆ: 'ನಿಗೆರು ವಾ ಹಾಜಿ ದಾ ಗಾ ಯಾಕು ನಿ ತಾತ್ಸು'. ಓಡಿಹೋಗೋದು ನಾಚಿಕೆಗೇಡು, ಆದ್ರೆ ಉಪಯೋಗಕ್ಕೆ ಬರತ್ತೆ ಅಂತ. ಮೂಲ ಒಂದು ಹಂಗೇರಿಯನ್ ಗಾದೆ. ಉಮಿನೊ ತ್ಸುನಾಮಿ ಅವರ ಮಾಂಗಾ ಆಧರಿಸಿ 2016ರಲ್ಲಿ ಟಿಬಿಎಸ್ ಚಾನೆಲಲ್ಲಿ ಬಂತು, 11 ಕಂತು.

ಮಿಕುರಿ ಸ್ನಾತಕೋತ್ತರ ಓದಿದ್ರೂ ಕಾಯಂ ಕೆಲಸ ಇಲ್ಲ. ಇದ್ದ ತಾತ್ಕಾಲಿಕ ಕೆಲಸವೂ ಹೋಗತ್ತೆ. ಹಿರಾಮಸ ಅನ್ನೋ ಇಂಜಿನಿಯರ್ ಮನೇಲಿ ಮನೆಗೆಲಸಕ್ಕೆ ಸೇರ್ತಾಳೆ. ಆಮೇಲೆ ಒಂದು ಒಪ್ಪಂದ: ಊರ ಕಣ್ಣಿಗೆ ಗಂಡ ಹೆಂಡತಿ, ಮನೆಯೊಳಗೆ ಮಾಲೀಕ ಮತ್ತು ಕೆಲಸದವಳು. ಗೃಹಿಣಿಯ ದುಡಿಮೆ ವರ್ಷಕ್ಕೆ 2199 ಗಂಟೆ, ಅದರ ಬೆಲೆ 30.41 ಲಕ್ಷ ಯೆನ್ ಅಂತ ಲೆಕ್ಕ ಹಾಕಿ ಸಂಬಳ ಗೊತ್ತುಮಾಡ್ತಾರೆ.

ಮುಂದೆ ಪ್ರೀತಿ ಆಗತ್ತೆ, ಆಗ್ಲೇಬೇಕಲ್ಲ! 10ನೇ ಕಂತಲ್ಲಿ ಅವನು ನಿಜವಾದ ಮದುವೆ ಪ್ರಸ್ತಾಪ ಇಡ್ತಾನೆ. ಮದುವೆ ಆದ್ರೆ ಸಂಬಳದ ದುಡ್ಡು ಉಳಿಯತ್ತೆ ಅಂತಾನೂ ತೋರಿಸ್ತಾನೆ. ಮಿಕುರಿ ಒಪ್ಪಲ್ಲ. ಇಷ್ಟ ಇದೆ ಅನ್ನೋ ಕಾರಣಕ್ಕೆ ಪುಕ್ಕಟೆ ದುಡಿಸ್ಕೊಳ್ಳೋದು ಶೋಷಣೆ ಅಂತಾಳೆ.

ಯೋಚಿಸಿ. ಅದೇ ಅಡುಗೆ, ಅದೇ ಪಾತ್ರೆ, ಅದೇ ಕೈ. ತಾಳಿಯೇ ಇಲ್ಲದ ದೇಶದಲ್ಲೂ ಒಂದು ಸಹಿ ಬಿದ್ದ ತಕ್ಷಣ ಬೆಲೆ ಸೊನ್ನೆ. ಕೇಳಿದ್ರೆ 'ಗಂಡನ ಹತ್ರಾನೂ ಲೆಕ್ಕಾನಾ' ಅನ್ನೋ ನಾಚಿಕೆ. ಆ ನಾಚಿಕೆ ಇರೋದ್ರಿಂದಲೇ ಕೆಲಸ ಪುಕ್ಕಟೆ ನಡೆಯತ್ತೆ.

ಮಿಕುರಿಯ ದೊಡ್ಡಮ್ಮ ಯೂರಿಗೆ 49. ಮದುವೆ ಆಗಿಲ್ಲ, ಕಾಸ್ಮೆಟಿಕ್ಸ್ ಕಂಪನೀಲಿ ದುಡೀತಾಳೆ. ಒಬ್ಬ ಹುಡುಗಿ ವಯಸ್ಸೆತ್ತಿ ಚುಚ್ಚಿದಾಗ ಯೂರಿ ತಿರುಗಿ ಚುಚ್ಚಲ್ಲ. ನೀನೀಗ ಬೆಲೆ ಇಲ್ಲ ಅಂತಿರೋದು ನೀನೇ ನಾಳೆ ತಲುಪೋ ಜಾಗ, ಇದು ಶಾಪ, ಇದರಿಂದ ಬೇಗ ಓಡಿಹೋಗು ಅಂತ ಬುದ್ಧಿ ಹೇಳ್ತಾಳೆ.

ಹೆಸರು ಯಾಕೆ ಅಂತ ಈಗ ಗೊತ್ತಾಯ್ತಾ? ಮಿಕುರಿ ಹಿರಾಮಸನನ್ನ ಬಿಟ್ಟು ಹೋಗಲ್ಲ. ಇಬ್ಬರೂ ಮನೆಯನ್ನ ಜಂಟಿಯಾಗಿ ನಡೆಸೋಣ ಅಂತ ಕೂತು ಮಾತಾಡ್ತಾರೆ, ಜಗಳಾನೂ ಆಡ್ತಾರೆ. ಅವಳು ಬಿಟ್ಟು ಬಂದಿದ್ದು ನಾಚಿಕೆಯನ್ನ.

2021ರ ವಿಶೇಷ ಕಂತಲ್ಲಿ ಮನೆತನದ ಹೆಸರಿನ ಪ್ರಶ್ನೆ ಬರತ್ತೆ. ಜಪಾನಿನ ಕಾನೂನಲ್ಲಿ ದಂಪತಿಗೆ ಒಂದೇ ಹೆಸರಿರಬೇಕು. ಬದಲಾಯಿಸೋದು ಹೆಚ್ಚಾಗಿ ಹೆಂಡತಿಯೇ. ಅದರ ಬಗ್ಗೆ ಭಾಗ 5ರಲ್ಲಿ.

ಅಲ್ಲಿವರೆಗೆ ಕಾಮೆಂಟಲ್ಲಿ ಹೇಳಿ: 'ಕೇಳೋಕೆ ನಾಚಿಕೆ ಆಗಲ್ವಾ' ಅಂತ ನಿಮ್ಮನ್ನ ಸುಮ್ಮನಾಗಿಸಿದ ಪ್ರಶ್ನೆ ಯಾವುದು?